ಕೂಗಿದಾಗ ಇಲ್ಲದಿದ್ದರೆ ಕೇಸೂ ಇಲ್ಲ!

ಕೋರ್ಟಿನ ಜವಾನ ಬಾಗಿಲಲ್ಲಿ ನಿಂತು ಹೆಸರು ಕೂಗುತ್ತಾನೆ. ವಾದಿ ಇಲ್ಲ. ಅವರ ವಕೀಲರೂ ಇಲ್ಲ. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಕೂಗುತ್ತಾನೆ. ಉತ್ತರವಿಲ್ಲ. ಗೈರುಹಾಜರಿ, ದಾವೆ ವಜಾ! ವರ್ಷಗಟ್ಟಲೆ ಓಡಾಡಿದ ಕೇಸು ಅಲ್ಲಿಗೆ ಖತಂ. ನ್ಯಾಯ ಯಾರ ಕಡೆ ಎಂಬ ವಿಚಾರಣೆ ನಡೆಯುವುದೇ ಇಲ್ಲ.

ಈ ಸುದ್ದಿ ಎಲ್ಲರಿಗಿಂತ ಕೊನೆಗೆ ಮುಟ್ಟುವುದು ಕೇಸು ಹಾಕಿದವನಿಗೇ. 'ಏನಾಯ್ತು ಸ್ವಾಮಿ?' ಎಂದರೆ, 'ನಡೀತಾ ಇದೆ, ಮುಂದಿನ ವಾಯಿದೆಗೆ ನೋಡೋಣ' ಎಂಬ ಮಾತು ಗುಮಾಸ್ತರ ಬಾಯಲ್ಲಿ ಸದಾ ಸಿದ್ಧ.

ಒಬ್ಬ ಅಂಗಡಿಯವನು ಉದ್ರಿ ಬಾಕಿ ವಸೂಲಿಗೆ ದಾವೆ ಹಾಕಿದ ಅಂತಿಟ್ಟುಕೊಳ್ಳಿ. ವಾಯಿದೆಯ ದಿನ ಎರಡೂ ಕಡೆಯವರು ಬರಲಿಲ್ಲವೆಂದರೆ ಹೊಸ ದಾವೆಗೆ ದಾರಿಯುಂಟು. ಆದರೆ ಬಾಕಿಗೆ ಕಾನೂನು ಕೊಡುವ 3 ವರ್ಷದ ಅವಧಿ ಅಷ್ಟರಲ್ಲಿ ಮುಗಿದಿದ್ದರೆ ಅದೂ ಇಲ್ಲ. ಪ್ರತಿವಾದಿ ಬಂದು, ವಾದಿ ಬಾರದಿದ್ದರೆ ಅದೇ ಕಾರಣಕ್ಕೆ ಮತ್ತೆ ದಾವೆ ಹಾಕುವಂತೆಯೇ ಇಲ್ಲ. ಉಳಿಯುವುದು ಒಂದೇ ದಾರಿ: ವಜಾ ಆದ 30 ದಿನದೊಳಗೆ ತಕ್ಕ ಕಾರಣ ತೋರಿಸಿ, ಕೇಸನ್ನು ಮತ್ತೆ ಫೈಲಿಗೆ ತೆಗೆದುಕೊಳ್ಳಿ ಎಂದು ಅರ್ಜಿ ಕೊಡುವುದು. ವಿಷಯವೇ ಗೊತ್ತಿಲ್ಲದವನು 30 ದಿನ ಎಣಿಸೋದು ಹೇಗೆ? ತಡವಾದರೆ ಆ ತಡಕ್ಕೂ ಬೇರೆ ಅರ್ಜಿ, ಬೇರೆ ಖರ್ಚು.

ಚೆಕ್ ಬೌನ್ಸ್ ಕೇಸಿನಲ್ಲಿ ಏಟು ಇನ್ನೂ ಜೋರು. ದೂರುದಾರ ಬಾರದಿದ್ದರೆ ಆರೋಪಿ ಖುಲಾಸೆಯಾಗಬಹುದು. 2024ರ ಜುಲೈ 1ರಂದು ಜಾರಿಗೆ ಬಂದ ಹೊಸ ಸಂಹಿತೆಯಲ್ಲಿ ಅದಕ್ಕೆ ಮೊದಲು ದೂರುದಾರನಿಗೆ 30 ದಿನ ಕಾಲಾವಕಾಶ ಕೊಡಬೇಕೆಂದಿರುವುದು ಒಂದಿಷ್ಟು ಸಮಾಧಾನ.

ಕೋರ್ಟಿನದೇ ತಪ್ಪು ಎನ್ನುವಂತಿಲ್ಲ. ಎದುರಾಳಿಯನ್ನು ಅಲೆಸಲೆಂದೇ ಕೇಸು ಜಡಿದು ಮನೆಯಲ್ಲಿ ಕೂರುವವರಿದ್ದಾರೆ. ಅಂಥವರ ಫೈಲು ಕಟ್ಟಿಡಲೇಬೇಕು. ಆದರೆ ಅದೇ ಕತ್ತಿ, ಫೀಜು ಕೊಟ್ಟು ನಂಬಿ ಕೂತವನ ಕುತ್ತಿಗೆಗೂ ಬೀಳಬೇಕೆ? 1981ರಲ್ಲಿ ರಫೀಕ್ ಎಂಬುವರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ವಕೀಲರು ಬಾರದ ತಪ್ಪಿಗೆ ಅಮಾಯಕ ಕಕ್ಷಿದಾರ ನಷ್ಟ ಅನುಭವಿಸಬಾರದೆಂದು ಹೇಳಿ, ಖರ್ಚನ್ನು ಗೈರಾದ ವಕೀಲರ ತಲೆಗೇ ಕಟ್ಟಿತು. ಹಾಗೆಂದು ಆ ತೀರ್ಪು ಎಲ್ಲರನ್ನೂ ಕಾಪಾಡುವ ತಾಯಿತವಲ್ಲ. ಕೇಸಿನ ಕಡೆ ತಿರುಗಿಯೂ ನೋಡದವನನ್ನು ಕೋರ್ಟುಗಳು ಕೈಹಿಡಿದಿಲ್ಲ.

ಆಗಬೇಕಾದ್ದು ಇಷ್ಟೆ. ವಜಾ ಮಾಡುವ ಮೊದಲು ವಕೀಲರಿಗಲ್ಲದೆ ಕಕ್ಷಿದಾರನ ವಿಳಾಸಕ್ಕೂ ಒಂದು ನೋಟೀಸು ಹೋಗಲಿ. ಅಂಚೆ ಖರ್ಚು ಎಷ್ಟು ಮಹಾ? ವಕೀಲರ ಸಂಘವೂ ಈ ಬಗ್ಗೆ ತನ್ನವರಿಗೆ ಒಂದು ಮಾತು ಹೇಳಲಿ.

ಕಕ್ಷಿದಾರರೂ ಕಣ್ಣುಬಿಡಬೇಕು. ಪ್ರತಿ ಕೇಸಿಗೂ 16 ಅಕ್ಷರ-ಅಂಕಿಗಳ ಸಿಎನ್‌ಆರ್ ನಂಬರು ಇರುತ್ತದೆ. ಅದನ್ನು ಬರೆದಿಟ್ಟುಕೊಂಡು ಇ-ಕೋರ್ಟ್ಸ್ ತಾಣದಲ್ಲಿ ಒತ್ತಿದರೆ ಮುಂದಿನ ವಾಯಿದೆ ಮೊಬೈಲಿನಲ್ಲೇ ಕಾಣುತ್ತದೆ. ವಕೀಲರನ್ನಿಡಲು ಶಕ್ತಿಯಿಲ್ಲದವರಿಗೆ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರವಿದೆ, ಸಹಾಯವಾಣಿ 15100. ಬಸ್ಸಿಗೆ ಕಾಯುವ ಐದು ನಿಮಿಷದಲ್ಲಿ ವಾಯಿದೆ ನೋಡಿಕೊಳ್ಳಬಹುದು. ಬಸ್ಸು ತಪ್ಪಿದರೆ ಇನ್ನೊಂದು ಬಂದೀತು, ವಾಯಿದೆ ತಪ್ಪಿದರೆ?