ಹೊಟ್ಟೆಯ ಪಥ್ಯವೂ ಶ್ರಾವಕನ ವ್ರತವೂ

ನಮ್ಮ ಎಷ್ಟೋ ಮನೆಗಳಲ್ಲಿ ಈರುಳ್ಳಿ, ಬೆಳ್ಳುಳ್ಳಿ ಹಾಕದ ಅಕ್ಕಿ ಪಾಸ್ತಾ, ಮೆಕ್ಕೆಜೋಳದ ಟಾಕೋ ಈಗ ರಾತ್ರಿಯೂಟವಾಗಿವೆ. ಕಾರಣ ವ್ರತವಲ್ಲ, ವೈದ್ಯರ ಸಲಹೆ! ಆಸ್ಟ್ರೇಲಿಯಾದ ಮೊನಾಶ್ ವಿಶ್ವವಿದ್ಯಾಲಯದವರು ರೂಪಿಸಿದ ಪಥ್ಯದಲ್ಲಿ ಇವೆರಡೂ ವರ್ಜ್ಯ. ಇವುಗಳಲ್ಲಿರುವ ಫ್ರಕ್ಟಾನ್ ಕರುಳಿನಲ್ಲಿ ಹುದುಗಿ ವಾಯುವಾಗುತ್ತದೆ. ಸಂತೋಷ. ಆದರೆ ಅದೇ ಪಥ್ಯವು ಆಲೂಗಡ್ಡೆ, ಗಜ್ಜರಿಗಳನ್ನು ಧಾರಾಳವಾಗಿ ಒಪ್ಪುತ್ತದೆ. ಅನಂತಕಾಯವೆಂದು ನಾವು ತ್ಯಜಿಸಿದ ಕಂದಗಳಲ್ಲವೆ ಅವು? ಕರುಳು ಸಹಿಸಿದ್ದೆಲ್ಲ ಅಹಿಂಸೆಯಾದೀತೆ? ಹೊಟ್ಟೆ ಗುಣವಾದೊಡನೆ ಈರುಳ್ಳಿಯೂ ಮರಳಿ ಬರುವುದು!

ಮಿಶ್ರ ಅಡುಗೆಯ ಮೇಲೆ ನನಗೆ ದ್ವೇಷವಿಲ್ಲ. ಮಕ್ಕಳು ಟಾಕೋ ತಿನ್ನಲಿ, ಹೆಸರುಕಾಳು ತುಂಬಿ, ಸೂರ್ಯಾಸ್ತಕ್ಕೆ ಮುನ್ನ. ರಾತ್ರಿ ಒಂಬತ್ತಕ್ಕೆ ಬಡಿಸಿದ್ದನ್ನು ‘ಜೈನ್ ಊಟ’ವೆನ್ನುವುದು ಮಾತ್ರ ಆತ್ಮವಂಚನೆ. ಬಸದಿಯ ಸಮಿತಿಗಳೂ ತಮ್ಮ ಕಲ್ಯಾಣಮಂಟಪಗಳ ಅಡುಗೆಮನೆಯನ್ನು ಸಂಜೆಗೇ ಮುಚ್ಚಿಸಲಿ. ಬಾಡಿಗೆ ಕಡಿಮೆಯಾದರೆ ಆಗಲಿ.