ಅಂಕಿತನಾಮವು ಅಲಂಕಾರವಲ್ಲ

ಪರರ ಬರಹವನ್ನು ಬೇರೆ ಮಾತುಗಳಲ್ಲಿ ಹೇಳುವಾಗ ಅಂಕಿತನಾಮಗಳನ್ನೂ ಪರ್ಯಾಯಪದಗಳಿಂದ ಬದಲಿಸಿದರೆ ಶೈಲಿಗೆ ಕಾಂತಿ ಬರುವುದೆಂದು ಈ ಪತ್ರಿಕೆಯ ಕಳೆದ ಸಂಚಿಕೆಯ ಲೇಖಕರು ಪ್ರತಿಪಾದಿಸಿರುವುದನ್ನು ನಾನು ಸರ್ವಥಾ ಒಪ್ಪಲಾರೆ. ಅವರು ಉದಾಹರಣೆಗೆತ್ತಿಕೊಂಡ ಕಾಳಗದ ವೀಡಿಯೊ ಆಟಗಳೇ ಅವರ ಮತಕ್ಕೆ ಪ್ರತಿಕೂಲವಾಗಿವೆ. 1991ರ ‘ಸ್ಟ್ರೀಟ್ ಫೈಟರ್ 2’ರ ಜಪಾನೀ ಆವೃತ್ತಿಯಲ್ಲಿ ಮುಷ್ಟಿಮಲ್ಲನಿಗೆ ಎಂ. ಬೈಸನ್ ಎಂಬ ಹೆಸರಿತ್ತು. ಅದು ನಿಜಜೀವನದ ಮುಷ್ಟಿಮಲ್ಲ ಮೈಕ್ ಟೈಸನ್ನನನ್ನು ನೆನಪಿಸಿ ವ್ಯಾಜ್ಯ ತಂದೀತೆಂಬ ಶಂಕೆಯಿಂದ ವಿದೇಶಗಳಲ್ಲಿ ಅವನನ್ನು ಬಾಲ್‌ರಾಗ್ ಎಂದೂ, ಬಾಲ್‌ರಾಗ್ ಎನಿಸಿದ್ದ ಪಂಜದ ಸ್ಪೇನಿಗನನ್ನು ವೇಗಾ ಎಂದೂ, ವೇಗಾ ಎನಿಸಿದ್ದ ಸರ್ವಾಧಿಕಾರಿಯನ್ನು ಬೈಸನ್ ಎಂದೂ ಕರೆದರು. ಈ ತೊಡಕಿನ ನಡುವೆ ಪುನರ್ಲೇಖಕನು ತನ್ನದೊಂದು ಹೆಸರನ್ನು ಸೇರಿಸಿದರೆ ಓದುಗನ ಗತಿಯೇನು? ಆಟಗಾರರು ತಾವೇ ‘ಬಾಕ್ಸರ್’, ‘ಕ್ಲಾ’, ‘ಡಿಕ್ಟೇಟರ್’ ಎನ್ನುವರಲ್ಲವೆ ಎಂದು ಕೇಳಬಹುದು. ನಿಜ, ಆದರೆ ಆ ಸಂಕೇತಗಳು ಹುಟ್ಟಿದ್ದು ಸಂದೇಹನಿವಾರಣೆಗಾಗಿ, ವೈವಿಧ್ಯಕ್ಕಾಗಿಯಲ್ಲ.

‘ರ್‍ಯೂ ಹಡೋಕೆನ್ ಪ್ರಯೋಗಿಸಿದನು’ ಎಂಬ ಇದೇ ಆಟಸರಣಿಯ ವಿವರಣೆಯನ್ನು ‘ವೀರನು ಶಕ್ತಿಗೋಳವನ್ನೆಸೆದನು’ ಎಂದು ತಿದ್ದಿದೊಡನೆ ಅಂಥದೇ ಗೋಳವನ್ನೆಸೆಯುವ ಕೆನ್ ಎಸೆದನೋ, ಗೋಕಿ ಎಸೆದನೋ ತಿಳಿಯದಾಗುತ್ತದೆ. 2023ರಲ್ಲಿ ಬಂದ ‘ಸ್ಟ್ರೀಟ್ ಫೈಟರ್ 6’ರಲ್ಲಿ ಅಂತರ್ಜಾಲದ ಮೂಲಕ ದೂರದೇಶದ ಎದುರಾಳಿಯೊಡನೆ ಕಾದುವವನು ಅಂಥ ವಿವರಣೆಯನ್ನು ನಂಬಿ ಅಭ್ಯಾಸ ಮಾಡುವುದಾದರೂ ಹೇಗೆ? ಕ್ರಿಯಾಪದವನ್ನು ಬದಲಿಸಿರಿ, ವಾಕ್ಯವನ್ನು ತಿರುಗಿಸಿರಿ. ಹೆಸರನ್ನು ಮಾತ್ರ, ಮೂಲವು ಯಾವ ಆವೃತ್ತಿಯದೆಂದು ಮೊದಲೇ ಸೂಚಿಸಿ, ಇದ್ದಂತೆಯೇ ಉಳಿಸಿರಿ.