ಮೂಕಿ ನರಿಯ ನೀತಿ

ದ್ರಾಕ್ಷಿ ಎಟುಕದೆ ನರಿ ಸೋತಿತು ಎಂಬುದಷ್ಟೇ ಕಥೆಯಲ್ಲ. ಹೊರಡುವಾಗ ‘ಹುಳಿ’ ಅಂದಿತಲ್ಲ, ಕಥೆ ಇರುವುದು ಅಲ್ಲಿ. ಹಾಗಾದರೆ ಮಾತೇ ಇಲ್ಲದ ಸಿನಿಮಾಕ್ಕೆ ಇಂಥ ನೀತಿಕಥೆಗಳ ಈಸೋಪ ಯಾಕೆ ಬೇಕಾದ?

1921ರಲ್ಲಿ ಅಮೆರಿಕದ ಪಾಲ್ ಟೆರ್ರಿ ಈಸೋಪನ ಹೆಸರಲ್ಲೇ ಕಾರ್ಟೂನ್ ಸರಣಿ ಶುರುಮಾಡಿದ. ಚಿನ್ನದ ಮೊಟ್ಟೆಯ ಬಾತುಕೋಳಿಯಿಂದ ಆರಂಭ. ಆಮೇಲೆ ವಾರಕ್ಕೊಂದರಂತೆ ಚಿತ್ರ ಹೊರಬರಬೇಕಿತ್ತು. ಆ ವೇಗಕ್ಕೆ ಹಳೆಯ ಕಥೆಗಳು ಎಷ್ಟು ದಿನ ಸಾಲುತ್ತವೆ? ಬಿಳಿಗಡ್ಡದ ರೈತ ಆಲ್ ಫಾಲ್ಫಾ, ಅವನನ್ನು ಗೋಳು ಹುಯ್ದುಕೊಳ್ಳುವ ಇಲಿಗಳು, ಓಟ, ಹೊಡೆದಾಟ. ಕೊನೆಗೆ ಅಕ್ಷರಫಲಕದಲ್ಲಿ ಒಂದು ನೀತಿ. ಆ ನೀತಿಗೂ ಅಲ್ಲಿಯವರೆಗೆ ನಡೆದದ್ದಕ್ಕೂ ಹೆಚ್ಚಿನ ಸಲ ಸಂಬಂಧವೇ ಇರುತ್ತಿರಲಿಲ್ಲ. ಜನ ನಕ್ಕದ್ದು ಅದಕ್ಕೇ.

ಇದು ಈಸೋಪನಿಗೆ ಮಾಡಿದ ಅಪಚಾರವೆಂದು ನನಗನಿಸುವುದಿಲ್ಲ. ಹಳೆಯ ಸಂಗ್ರಹಗಳಲ್ಲೂ ಕಥೆಯ ತುದಿಯ ನೀತಿವಾಕ್ಯಗಳು ಬಹುಪಾಲು ಸಂಪಾದಕರು ಅಂಟಿಸಿದವೇ. ಒಂದೇ ಕಥೆಗೆ ಒಬ್ಬೊಬ್ಬರದು ಒಂದೊಂದು ನೀತಿ. ಆ ಅಂಟು ಎಷ್ಟು ಸಡಿಲ ಎಂಬುದನ್ನು ಟೆರ್ರಿ ಎಳೆದು ತೋರಿಸಿದ, ಅಷ್ಟೆ. (ಅವನಿಗೆ ಅಂಥ ಘನ ಉದ್ದೇಶವೇನೂ ಇದ್ದಿರಲಾರದು, ವಾರದ ಗಡುವು ಇತ್ತು.)

ಅಂದಮಾತ್ರಕ್ಕೆ ಮೂಕಿ ಚಿತ್ರ ನೀತಿಕಥೆಗೆ ಒಗ್ಗುವುದೇ ಇಲ್ಲವೆಂದಲ್ಲ. ಲಾಡಿಸ್ಲಾಸ್ ಸ್ಟಾರೆವಿಚ್ ರಷ್ಯಾದಲ್ಲಿ ಸತ್ತ ಕೀಟಗಳ ಕಾಲಿಗೆ ತಂತಿ ಕೂಡಿಸಿ, ಚೂರುಚೂರೇ ಕದಲಿಸಿ, ಚೌಕಟ್ಟಿಗೊಂದರಂತೆ ಚಿತ್ರ ತೆಗೆದ. ಅವನ 1913ರ ಚಿತ್ರದಲ್ಲಿ ಪಿಟೀಲು ಹಿಡಿದು ಮೆರೆದ ಕೀಟ ಚಳಿಗಾಲದಲ್ಲಿ ಇರುವೆಯ ಬಾಗಿಲಿಗೆ ಬಂದು ನಿಲ್ಲುತ್ತದೆ. ಪುಸ್ತಕದಲ್ಲಿ ಓದಿದಾಗ ಇರುವೆಯ ಪರ ವಹಿಸುವುದು ಸುಲಭ. ಪರದೆಯಲ್ಲಿ ಆ ಸಣಕಲು ಕಾಲುಗಳನ್ನು ಕಂಡಮೇಲೆ ಇರುವೆಯೇ ಕಟುಕನಂತೆ ತೋರುತ್ತದೆ. ಕ್ರಾಂತಿಯ ನಂತರ ಫ್ರಾನ್ಸ್ ಸೇರಿದ ಅವನೇ 1922ರಲ್ಲಿ ರಾಜನಿಗಾಗಿ ಹಂಬಲಿಸಿದ ಕಪ್ಪೆಗಳ ಕಥೆ ಮಾಡಿದ. ದೇವರು ಕಳಿಸಿದ ಮರದ ದಿಮ್ಮಿ ಬೇಡವೆಂದವಕ್ಕೆ ಸಿಕ್ಕಿದ್ದು ಕಪ್ಪೆ ನುಂಗುವ ಕೊಕ್ಕರೆ. ಅರಸು ಉರುಳಿದ ನಾಡಿನಿಂದ ಬಂದವನ ಕೈಯಲ್ಲಿ ಅದು ಯಾರ ಕಥೆ ಎಂದು ಆಗಿನ ಪ್ರೇಕ್ಷಕರಿಗೆ ಫಲಕ ಹಿಡಿದು ಹೇಳಬೇಕಿರಲಿಲ್ಲ.

ಟೆರ್ರಿ ಹಳೆಯ ಕಥೆಯನ್ನು ಬಿಟ್ಟ, ಸ್ಟಾರೆವಿಚ್ ಅದನ್ನೇ ಹಿಡಿದ. ಆದರೂ ಇಬ್ಬರಲ್ಲೂ ಕಾಣುವುದು ಒಂದೇ. ಚಿತ್ರ ಫಲಿತಾಂಶವನ್ನು ತೋರಿಸಬಲ್ಲದು, ತೀರ್ಪು ಕೊಡಲಾರದು. ತೀರ್ಪು ನೋಡುವವನ ಪಾಲಿಗೆ ಉಳಿಯುತ್ತದೆ. ಮಕ್ಕಳಿಗೆ ನೀತಿ ಕಲಿಸಲೆಂದು ಕಾರ್ಟೂನ್ ಹಾಕುವವರಿಗೆ ಇದು ಇಷ್ಟವಾಗಲಿಕ್ಕಿಲ್ಲ.

1928ರ ಹೊತ್ತಿಗೆ ಟೆರ್ರಿಯ ಸರಣಿಗೂ ಧ್ವನಿ ಬಂತು. ಮರುವರ್ಷ ಅವನು ಹೊರನಡೆದ. ಸರಣಿ ಮಾತ್ರ ಇನ್ನೂ ಕೆಲವು ವರ್ಷ ಈಸೋಪನ ಹೆಸರಲ್ಲೇ ನಡೆಯಿತು.